ಟರ್ಕಿ ಅಂಕಲ್‌ಗೆ ಅಜ್ಜಿ ಬೈದದ್ದು

ನಿಂಬೆ ಕೊಲೋನಿನ ವಾಸನೆ ಬಂದರೆ ಈಗಲೂ ನನ್ನ ಬಾಯಿ ಒಣಗುತ್ತದೆ. ಆ ಮಧ್ಯಾಹ್ನ, ಪರದೇಶದಲ್ಲಿ ನಾವಿದ್ದ ಪೆಂಡಲ್ ಹಿಲ್ ಬಡಾವಣೆಯ ಪಕ್ಕದ ಮನೆಯಲ್ಲಿದ್ದವರು ನಾನು, ಧಾರವಾಡದಿಂದ ಬಂದಿದ್ದ ಅಜ್ಜಿ, ಮತ್ತು ಆ ಮನೆಯ ಮುದುಕ ಟರ್ಕಿ ಅಂಕಲ್. ಒಂದು ಕಾಲಕ್ಕೆ ಇಸ್ತಾಂಬುಲ್‌ನ ಕಪ್ಪು-ಬಿಳುಪು ಸಿನಿಮಾಗಳಲ್ಲಿ ಕೆಡುಕರ ಸಣ್ಣಪುಟ್ಟ ಪಾತ್ರ ಮಾಡಿದವರು. ತಮ್ಮ ದೇಶದಲ್ಲಿ ಅತಿಥಿಗಳಿಗೆ ಮಾಡುವಂತೆ ನಮ್ಮ ಅಂಗೈಗೆ ಆ ಸುಗಂಧದ ಕೊಲೋನ್ ಸುರಿದು, ತಮ್ಮದೊಂದು ಸಿನಿಮಾ ಹಾಕಿದರು.

ಟಿವಿಯಲ್ಲಿ ಅವರು ಅನಾಥ ಹುಡುಗಿಯ ಕೆನ್ನೆಗೆ ಬಾರಿಸಿದ್ದೇ ತಡ, ಅಜ್ಜಿ ಎದ್ದು ನಿಂತಳು. “ಭಾಡ್ಯಾ, ನಿನ್ನ ಹೆಣಾ ಎತ್ಲಿ! ತಾಯಿಲ್ಲದ ಕೂಸಿಗೆ ಹೊಡಿತೀಯಲ್ಲೋ!”

ಅಂಕಲ್ ಸಿನಿಮಾ ನಿಲ್ಲಿಸಿ, ಅಜ್ಜಿ ಏನಂದಳೆಂದು ಇಂಗ್ಲಿಷಿನಲ್ಲಿ ನನ್ನನ್ನು ಕೇಳಿದರು.

“ಏನರ ಬ್ಯಾರೆ ಹೇಳು,” ಎಂದು ಅಜ್ಜಿ ನನ್ನ ತೊಡೆ ಚಿವುಟಿದಳು.

ನನಗೆ ಸುಳ್ಳು ಹೊಳೆಯಲಿಲ್ಲ. ಬೈಗುಳವನ್ನು ತಡವರಿಸುತ್ತ ಇದ್ದಂತೆಯೇ ಹೇಳಿದೆ.

ಅಂಕಲ್ ಮುಖ ಅರಳಿತು. ಎದ್ದು, ತಮ್ಮ ಕಡೆ ಹಿರಿಯರಿಗೆ ಗೌರವ ತೋರುವಂತೆ ಅಜ್ಜಿಯ ಕೈಯನ್ನು ತುಟಿಗೂ ಹಣೆಗೂ ಒತ್ತಿಕೊಂಡರು.

ಮರುದಿನ, ತಾವು ಕೆಡುಕನಾಗಿದ್ದ ಇನ್ನೊಂದು ಸಿನಿಮಾ ಹಿಡಿದು ಅವರೇ ನಮ್ಮ ಬಾಗಿಲು ತಟ್ಟಿದರು.