ನಾಲ್ಕು ತಂತಿಯವನು

"ಯು... ಒನ್ ಫೋಟೋ, ಪ್ಲೀಸ್" ಎನ್ನುತ್ತ ಚೆನ್ನಯ ತನ್ನ ಕ್ಯಾಮೆರಾವನ್ನು ಮೂರನೆಯ ಟೇಬಲ್ಲಿನಲ್ಲಿ ಬನ್ಸ್ ತಿನ್ನುತ್ತಿದ್ದ ಬಿಳಿಯನ ಕೈಗೆ ತುರುಕಿದ. ಅವನು ಬೆರಳಿಗೆ ಹತ್ತಿದ ಚಟ್ನಿ ಒರೆಸಿಕೊಂಡು ಎದ್ದ. ಗಲ್ಲಾದ ಪಕ್ಕದಲ್ಲಿ ಇನ್ನೊಬ್ಬ ಬಿಳಿಯ ನಿಂತಿದ್ದ. ಕಪ್ಪು ಕನ್ನಡಕ, ಹೆಗಲಿಗಿಳಿದ ಕೂದಲು, ಚರ್ಮದ ಪ್ಯಾಂಟು. ಇಂಗ್ಲೆಂಡಿನಿಂದ ಬಂದ ರಾಕ್ ಬ್ಯಾಂಡಿನ ಹಾಡುಗಾರನೇ ಸಾಕ್ಷಾತ್ತಾಗಿ ಸಾಂತಾಕ್ರೂಜಿನ ಚೆನ್ನಯನ ಉಡುಪಿ ಹೋಟೆಲಿಗೆ ಕಾಲಿಟ್ಟಿದ್ದ! ಚೆನ್ನಯ ಅವನ ತೋಳಿಗೆ ತೋಳು ತಾಗಿಸಿ, ಹೊಟ್ಟೆ ಒಳಗೆಳೆದುಕೊಂಡು, ಉಸಿರು ಬಿಗಿಹಿಡಿದ. ಕ್ಯಾಮೆರಾ ಕ್ಲಿಕ್ ಎಂದಿತು. ಹಾಡುಗಾರ ಎದುರಿಗಿಟ್ಟ ಕಾಫಿಯನ್ನು ಮೂಸಿಯೂ ನೋಡದೆ ಹೊರಗೆ ನಿಂತಿದ್ದ ಕಾರು ಹತ್ತಿ ಹೋದ.

"ಧಣಿ, ಇವರ ಜೊತೆಗೂ ಒಂದು ತೆಗೆಯುವನಾ?" ಎಂದು ಬಡಿಸುವ ಸೀನ ಕ್ಯಾಮೆರಾ ಹಿಡಿದವನನ್ನು ತೋರಿಸಿ ಕೇಳಿದ.

"ರೀಲು ಮುಗಿದೀತು, ಬಿಡು" ಎಂದು ಚೆನ್ನಯ ಕ್ಯಾಮೆರಾ ಕಿತ್ತುಕೊಂಡ. ಬಿಳಿಯ ನಕ್ಕು, ಆರಿಹೋದ ಬನ್ಸಿನ ಮುಂದೆ ಮತ್ತೆ ಕೂತ.

ಚೆನ್ನಯನಿಗೆ ಆ ಫೋಟೋ ಬೇಕೇ ಬೇಕಿತ್ತು. ಎದುರಿನ ಹೋಟೆಲಿನ ದೂಜ ಹೋದ ದೀಪಾವಳಿಗೆ ಹಿಂದಿ ಸಿನಿಮಾದ ನಟನೊಬ್ಬನಿಗೆ ಮಸಾಲೆದೋಸೆ ತಿನ್ನಿಸಿ, ಅದರ ಫೋಟೋವನ್ನು ಗಲ್ಲಾದ ಮೇಲೆ ತೂಗುಹಾಕಿದ್ದ. ಅಂದಿನಿಂದ ಸಂಜೆಯ ಗಿರಾಕಿಗಳೆಲ್ಲ ರಸ್ತೆ ದಾಟತೊಡಗಿದ್ದರು. ದೋಸೆಯೇನೋ ಎರಡೂ ಕಡೆ ಒಂದೇ. ಆದರೆ ಚೆನ್ನಯನ ಗೋಡೆಯಲ್ಲಿ ಇದ್ದವರು ಉಡುಪಿ ಕೃಷ್ಣ, ತೀರಿಕೊಂಡ ಅಪ್ಪ ಮತ್ತು ಚುನಾವಣೆಯಲ್ಲಿ ಸೋತ ಒಬ್ಬ ಕಾರ್ಪೊರೇಟರ್. ಇವರನ್ನು ನೋಡಲು ಕಾಲೇಜಿನ ಹುಡುಗಿಯರು ಬರುತ್ತಾರೆಯೇ?

ಅಷ್ಟರಲ್ಲಿ, ಆ ಎಂಬತ್ತೆಂಟರ ಡಿಸೆಂಬರಿನಲ್ಲಿ, ಏರ್‌ಪೋರ್ಟ್ ಬಳಿಯ ದೊಡ್ಡ ಹೋಟೆಲಿಗೆ ಬ್ಯಾಂಡು ಬಂದಿಳಿದಿತ್ತು. ಅಲ್ಲಿಂದ ಈ ಬನ್ಸಿನ ಬಿಳಿಯನೊಬ್ಬ ಮಾತ್ರ ಐದು ದಿನ ಬೆಳಿಗ್ಗೆ ಬೆಳಿಗ್ಗೆ ನಡೆದುಬಂದ. ಜಾಗವಿಲ್ಲದಿದ್ದರೆ ಬಾಗಿಲಲ್ಲಿ ಕಾಯುತ್ತಿದ್ದ. ಎರಡು ಬನ್ಸ್, ಒಂದು ಕಾಫಿ ಮುಗಿಸಿ, ತಟ್ಟೆಯನ್ನೂ ತಾನೇ ಎತ್ತಿಡಲು ಹೋಗುತ್ತಿದ್ದ. ಇಷ್ಟು ಸಭ್ಯ ಮನುಷ್ಯ ಸಾಮಾನು ಹೊರುವವನೇ ಇರಬೇಕೆಂದು ಚೆನ್ನಯ ತೀರ್ಮಾನಿಸಿದ್ದ.

"ಅಲ್ಲ ಧಣಿ, ಅವರೂ ಬ್ಯಾಂಡಿನವರೇ" ಎಂದು ಸೀನ ಮೂರನೆಯ ದಿನವೇ ಹೇಳಿದ್ದ. ಏರ್‌ಪೋರ್ಟಿನ ಗಿರಾಕಿಗಳಿಂದ ಅವನಿಗೆ ಅಷ್ಟಿಷ್ಟು ಇಂಗ್ಲಿಷ್ ಬರುತ್ತಿತ್ತು. "ಹೆಸರು ಕೆನ್ ಅಂತೆ. ಮೊದಲು ಪೈಪಿನ ಫ್ಯಾಕ್ಟರಿಯಲ್ಲಿ ಇದ್ದದ್ದಂತೆ. ಈಗ ಇಪ್ಪತ್ತು ವರ್ಷದಿಂದ ಬೇಸ್ ಗಿಟಾರ್ ಬಾರಿಸುವುದು."

"ಅದೆಂತದು?"

"ನಾಲ್ಕೇ ತಂತಿಯ ಗಿಟಾರ್, ಧಣಿ."

"ಬೇರೆಯವರಿಗೆ ಆರು ಉಂಟಲ್ಲ ಮಾರಾಯ? ಇವನಿಗೆ ಮಾತ್ರ ಎರಡು ಕಟ್ ಮಾಡಿದ್ದು ಯಾಕೆ? ಹಾಡ್ತಾನಾ?"

"ಇಲ್ಲ, ಹಿಂದೆ ನಿಂತು ಬಾರಿಸುವುದು. ಕ್ಯಾಸೆಟ್ಟಿನ ಮೇಲೆ ಇವರ ಚಿತ್ರ ತುದಿಯಲ್ಲಿ ಇರುವುದಂತೆ. ಅಂಗಡಿಯವರು ರೇಟಿನ ಚೀಟಿ ಯಾವಾಗಲೂ ಇವರ ಮುಖಕ್ಕೇ ಅಂಟಿಸುವುದಂತೆ. ಹೇಳಿ ಅವರೇ ನಗಾಡಿದರು."

"ಮತ್ತೆ? ಅಂಥವನನ್ನು ತೂಗುಹಾಕಿ ನಾನು ದೂಜನ ಎದುರು ಮರ್ಯಾದೆ ಕಳ್ಕೊಳ್ಳುವುದಾ? ಹಾಡುವವನನ್ನು ಒಮ್ಮೆ ಕರ್ಕೊಂಡು ಬರ್ಲಿಕ್ಕೆ ಹೇಳು ಅವನಿಗೆ."

ಪಾಪದ ಕೆನ್, ಕರೆದುಕೊಂಡೇ ಬಂದಿದ್ದ.

ಸ್ಟುಡಿಯೋದ ಖಂಡಪ್ಪ ಫೋಟೋ ತೊಳೆದು ಕೈಗಿಟ್ಟಾಗ ಮುಖ ಹುಳ್ಳಗೆ ಮಾಡಿದ. "ಯಾರ್ರೀ ಚೆನ್ನಯಣ್ಣ ಇದನ್ನ ಹೊಡದವ್ರು? ಲೆನ್ಸಿಗೆ ಬೆರಳ ಅಡ್ಡ ಇಟ್ಟಾರಲ್ರೀ!" ನಿಜ, ಎಡಗಡೆಯಲ್ಲಿ ಮಬ್ಬಾಗಿ ಕೆನ್‌ನ ಬೆರಳ ತುದಿ ಬಂದಿತ್ತು. "ಕತ್ತರಿಸಿ ಬಿಸಾಡಿ ಅದನ್ನು" ಎಂದ ಚೆನ್ನಯ. ಉಳಿದದ್ದಕ್ಕೆ ಚಿನ್ನದ ಬಣ್ಣದ ಫ್ರೇಮ್ ಹಾಕಿಸಿ, ಸುತ್ತ ಬಣ್ಣದ ಬಲ್ಬು ಸುತ್ತಿಸಿದ. ದೂಜ ಬಂದು ನೋಡಿ ಮುಖ ಸಣ್ಣದು ಮಾಡಿಕೊಂಡು ಹೋದ. ಮೂರು ದಿನ ಚೆನ್ನಯ ನೆಲದ ಮೇಲೆ ನಡೆಯಲಿಲ್ಲ.

ನಾಲ್ಕನೆಯ ದಿನ ಹಿಂದಿನ ಬಿಲ್ಡಿಂಗಿನ ಸೇವಂತಿ ಕಾಲೇಜಿನ ಗೆಳತಿಯರನ್ನು ಕಟ್ಟಿಕೊಂಡು ಬಂದಳು. ಫೋಟೋ ನೋಡಿ ಮೂಗು ಮುರಿದಳು.

"ಅಂಕಲ್, ಯೇ ತೋ ನಯಾ ಸಿಂಗರ್. ಲಾಸ್ಟ್ ಇಯರ್ ಬಂದದ್ದು. ಮೊದಲು ಇಬ್ಬರು ಸಿಂಗರ್ ಬಂದು ಹೋದ್ರು. ಕೆನ್ ಬರ್ಲಿಲ್ವಾ? ಬೇಸ್‌ವಾಲಾ? ಬ್ಯಾಂಡೇ ಅವಂದು. ಗಾನಾ ಎಲ್ಲಾ ಅವನೇ ಬರೆಯೋದು. ಅವನ ಫೋಟೋ ಇದ್ರೆ ನಮ್ಮ ಪೂರಾ ಕಾಲೇಜ್ ಇಲ್ಲಿ ಬರ್ತಿತ್ತು."

ಗೆಳತಿಯರೆಲ್ಲ ರಸ್ತೆ ದಾಟಿ ದೂಜನ ಹೋಟೆಲಿಗೆ ಹೋದರು. ಚೆನ್ನಯನಿಗೆ ಅಳುವೇ ಬಂತು. ಬ್ಯಾಂಡು ವಿಮಾನ ಹತ್ತಿ ವಾರವಾಗಿತ್ತು. ಸೀನನ ಮುಖ ನೋಡುವ ಧೈರ್ಯವಾಗದೆ, ಗಲ್ಲಾ ಅವನಿಗೇ ಬಿಟ್ಟು ಸ್ಟುಡಿಯೋಗೆ ಓಡಿದ.

"ಖಂಡಪ್ಪ, ನೆಗೆಟಿವ್ ಉಂಟಲ್ಲ ಮಾರಾಯ?"

ಮರುದಿನ ಗೋಡೆಗೆ ಇನ್ನೂ ದೊಡ್ಡ ಫ್ರೇಮ್ ಬಂತು. ಹಾಡುಗಾರನನ್ನು ಕತ್ತರಿಸಿ ತೆಗೆದಾಗಿತ್ತು. ಅವನ ಕೂದಲಿನ ನಾಲ್ಕು ಎಳೆ ಮಾತ್ರ ಚೆನ್ನಯನ ಹೆಗಲ ಮೇಲೆ ಉಳಿದಿತ್ತು. ಉಸಿರು ಬಿಗಿಹಿಡಿದ ಚೆನ್ನಯನ ಪಕ್ಕದಲ್ಲಿ, ಅವನ ತಲೆಗಿಂತ ದೊಡ್ಡದಾಗಿ, ಮಬ್ಬು ಮಬ್ಬಾದ ಒಂದು ಬೆರಳು. ಕೆಳಗೆ ಕನ್ನಡ, ಮರಾಠಿ, ಇಂಗ್ಲಿಷ್ ಮೂರರಲ್ಲೂ ಪೇಂಟರ್ ಬರೆದ ಕೆಂಪು ಅಕ್ಷರ: 'ನಮ್ಮ ಖಾಯಂ ಗಿರಾಕಿ.'