ಸ್ಪಷ್ಟ ಚಿತ್ರ

1932ರ ಫೆಬ್ರವರಿ 9, ಬೆಳಿಗ್ಗೆ ಹತ್ತೂಕಾಲು. ಬಂದರು ಕಚೇರಿಯಲ್ಲಿ ವಿಚಾರಣೆ ಮುಗಿಯುವುದರಲ್ಲಿತ್ತು. ಹಾಯಿದೋಣಿಗಳ ಪಂದ್ಯವನ್ನು ಸಾಕ್ಷ್ಯಚಿತ್ರಕ್ಕಾಗಿ ಸೆರೆಹಿಡಿದಿದ್ದ ಮಣಕೀಕರರ ಕಾಲು ಮೇಜಿನಡಿ ಒಂದೇ ಸಮನೆ ಅಲುಗುತ್ತಿತ್ತು. ಪಂದ್ಯದ ದಿನ ದೋಣಿಯೊಂದು ಮಗುಚಿ ಒಬ್ಬ ನಾವಿಕ ಮುಳುಗಿದ್ದ. ಅವನ ಕೊನೆಯ ಕ್ಷಣಗಳನ್ನು ಈಗಷ್ಟೇ ಎಲ್ಲರೂ ಪರದೆಯ ಮೇಲೆ ನೋಡಿದ್ದರು. ಅಲ್ಲಿಗೆ ರೀಲೂ ಮುಗಿದಿತ್ತು.

“ನಮ್ಮ ದೋಣಿ ಅರ್ಧ ಮೈಲಿ ದೂರ ಇತ್ತು. ಹೋಗಿ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ದೂರದ್ದನ್ನು ಹತ್ತಿರ ತೋರಿಸುವ ಮಸೂರ ಇದು,” ಎಂದರು ಮಣಕೀಕರ್.

ಅಧಿಕಾರಿ ತಲೆಯಾಡಿಸಿದರು. ಪಂದ್ಯದ ದಿನವೇ ಜಪ್ತಿಯಾಗಿ ಅರಗಿನ ಮುದ್ರೆ ಬಿದ್ದಿದ್ದ ಕ್ಯಾಮೆರಾ ಪೆಟ್ಟಿಗೆಯನ್ನು ಮರಳಿಸಲು ಬಿಚ್ಚಿದರು.

ಸತ್ತವನ ಅಣ್ಣ ಬಾಗಿಲಲ್ಲಿ ನಿಂತಿದ್ದ. “ಒಡೆಯಾ, ತಮ್ಮನ ಗಡ್ಡದ ಕೂದ್ಲೂ ಕಂಡ್ತು. ಅಷ್ಟು ಚಂದ ಹ್ಯಾಂಗೆ ತೆಗೆದ್ರಿ?”

ಮಣಕೀಕರರ ಕಾಲು ನಿಂತಿತು. “ಅದೇ ನಮ್ಮ ಕಸುಬು ಮಾರಾಯ. ಎದುರಿನವನು ಎಷ್ಟು ಅಡಿ ದೂರ ಇದ್ದಾನೋ ಅಷ್ಟಕ್ಕೇ ಮಸೂರದ ಈ ಉಂಗುರ ತಿರುಗಿಸಿಡಬೇಕು. ಸ್ವಲ್ಪ ತಪ್ಪಿದರೂ ಮೋರೆ ಮಸುಕು.”

ಅಧಿಕಾರಿ ಕನ್ನಡಕ ಏರಿಸಿಕೊಂಡು ಉಂಗುರದತ್ತ ಬಗ್ಗಿದರು.

ಅದು ಹದಿನೆಂಟು ಅಡಿಗೆ ನಿಂತಿತ್ತು.