ವಾಪಸ್ಸಿಗೆ ಕೊಟ್ಟ ಕಾರಣ

"ಮೇಲ್ಮನವಿ ಯಾಕೆ ವಾಪಸ್ ತಗೋತಿದೀರಿ?" ಎಂದು ನ್ಯಾಯಾಧೀಶರು ಕೇಳಿದಾಗ ಕನ್ನಡಕದಂಗಡಿಯವನು ತಲೆ ತಗ್ಗಿಸಿದ. ಅಮ್ಮನ ಬುದ್ಧಿ ಸ್ತಿಮಿತದಲ್ಲಿರಲಿಲ್ಲ, ಅಕ್ಕನೇ ಕೈ ಹಿಡಿದು ಉಯಿಲಿಗೆ ಸಹಿ ಹಾಕಿಸಿ ಮನೆ ಹೊಡೆದುಕೊಂಡಳು ಎಂದು ಕೆಳಗಿನ ಕೋರ್ಟಿನಲ್ಲಿ ಪ್ರಮಾಣ ಮಾಡಿ ಹೇಳಿದ್ದವನು ಅವನೇ. ಆದರೆ ಸಹಿ ಹಾಕಿದ ದಿನವೇ ಅಮ್ಮ ಅವನ ಅಂಗಿಯ ಗುಂಡಿ ಸಡಿಲವಾಗಿದ್ದನ್ನು ಕಂಡು, "ಇದೇನೋ ನಿನ್ನ ಅವತಾರ" ಎಂದು ಬೈದು, ತಾನೇ ಸೂಜಿಗೆ ದಾರ ಪೋಣಿಸಿ ಹೊಲಿದುಕೊಟ್ಟಿದ್ದಳು. ಪಕ್ಕದಲ್ಲಿದ್ದ ಅಕ್ಕ ಅದನ್ನು ನೋಡಿ ನಕ್ಕಿದ್ದಳು.

ದಾವೆ ಹೂಡಿದಂದಿನಿಂದ ಅವನೊಡನೆ ಮಾತು ಬಿಟ್ಟಿದ್ದ ಅಕ್ಕ ಈಗ ಎದ್ದು ನಿಂತಳು. "ಅವನಿಗೆ ಮೈಯಲ್ಲಿ ಹುಷಾರಿಲ್ಲ ಸ್ವಾಮಿ. ಕೋರ್ಟಿಗೆ ಅಲೆಯೋಕಾಗಲ್ಲ. ಹಾಗಂತ ಬರ್ಕೊಳ್ಳಿ."

ನ್ಯಾಯಾಧೀಶರು ಅವನತ್ತ ತಿರುಗಿದರು. ಇವತ್ತು ನಿಜ ಹೇಳಿಬಿಡಬೇಕೆಂದೇ ಮನೆಯಿಂದ ಹೊರಟು ಬಂದಿದ್ದವನು ತಲೆ ಎತ್ತದೆ, "ಹೌದು ಸ್ವಾಮಿ, ಹುಷಾರಿಲ್ಲ" ಎಂದ.